ಬಳ್ಳಾರಿಯ ವಕೀಲರೂ ನಾಟಕ ಸಭೆಗಳೂ

ಗಾಯಕನಿಗೂ ಧ್ವನಿಮುದ್ರಣ ಸಂಸ್ಥೆಗೂ ನಡುವೆ ಕರಾರುಪತ್ರ ಬರೆದುಕೊಡುವುದು, ರಾಯಧನದ ಲೆಕ್ಕ ನೋಡುವುದು, ಕೃತಿಸ್ವಾಮ್ಯದ ವ್ಯಾಜ್ಯಗಳನ್ನು ನಡೆಸುವುದು, ಒಮ್ಮೊಮ್ಮೆ ವಕೀಲಿಯ ಕೋಟನ್ನು ಕಳಚಿಟ್ಟು ತಾನೇ ಆ ಗಾಯಕನ ವ್ಯವಸ್ಥಾಪಕನಾಗಿ ಕಚೇರಿಗಳ ತಾರೀಖುಗಳನ್ನು ಗೊತ್ತುಮಾಡುವುದು: ಇಂತಹ ಕೆಲಸಗಳಿಂದ ಜೀವನ ಸಾಗಿಸುವ ನ್ಯಾಯವಾದಿಗಳು ಈಗ ದೊಡ್ಡ ನಗರಗಳಲ್ಲಿ ಕಾಣಸಿಗುತ್ತಾರೆ. ಇದು ತೀರ ಹೊಸ ಕಸುಬೆಂದೂ, ಪರದೇಶದಿಂದ ಮುಂಬಯಿಗೆ ಬಂದು ಅಲ್ಲಿಂದ ಇತ್ತ ಹರಡಿತೆಂದೂ ನಮ್ಮ ವಿದ್ಯಾರ್ಥಿಗಳು ತಿಳಿಯುವುದು ಸಹಜ. ಹೆಸರು ಹೊಸದು ನಿಜ. ಆದರೆ ನ್ಯಾಯಾಲಯವನ್ನೂ ರಂಗಮಂದಿರವನ್ನೂ ಒಂದೇ ಜೀವನದಲ್ಲಿ ಹೊಂದಿಸಿಕೊಂಡವರು, ಹಗಲು ದಾವೆ ನಡೆಸಿ ಇರುಳು ನಾಟಕ ನಡೆಸಿದವರು, ನೂರಿಪ್ಪತ್ತು ವರ್ಷಗಳ ಹಿಂದೆಯೇ ನಮ್ಮ ನೆರೆಯ ಬಳ್ಳಾರಿಯಲ್ಲಿದ್ದರು. ಒಬ್ಬರಲ್ಲ, ಮೂವರು. ಅವರ ವೃತ್ತಾಂತವನ್ನು ಕೊಂಚ ಪರಿಶೀಲಿಸುವುದು ಈ ಲೇಖನದ ಉದ್ದೇಶ.

ಇವರನ್ನು ಕುರಿತು ಬರೆಯಲು ಕಲಬುರಗಿಯಲ್ಲಿ ಕುಳಿತ ನಮಗೇನು ಸಂಬಂಧವೆಂಬ ಪ್ರಶ್ನೆ ಏಳಬಹುದು. ಬಳ್ಳಾರಿ ಇಂದು ನಮ್ಮ ವಿಭಾಗಕ್ಕೇ ಸೇರಿದ ಊರೆಂಬುದು ಒಂದು ಉತ್ತರ. ಇನ್ನೊಂದು ಕಾರಣ ಸ್ವಲ್ಪ ವಿನೋದದ್ದು. ಈ ಮೂವರಲ್ಲಿ ಒಬ್ಬರು ಕಮಲಾಪುರದವರೆಂದು ತರಗತಿಯಲ್ಲಿ ಹೇಳಿದಾಗ, ನಮ್ಮ ನಗರದಿಂದ ಹುಮನಾಬಾದಿಗೆ ಹೋಗುವ ದಾರಿಯಲ್ಲಿರುವ, ಕೆಂಪು ಬಾಳೆಗೆ ಹೆಸರಾದ ಕಮಲಾಪುರವೇ ಅದೆಂದು ಅಲ್ಲಿಂದ ಬರುವ ವಿದ್ಯಾರ್ಥಿಗಳು ಹಿಗ್ಗಿದರು. ಅವರನ್ನು ನಿರಾಶೆಗೊಳಿಸಬೇಕಾಯಿತು. ಆ ಕಮಲಾಪುರ ಹಂಪೆಯ ಮಗ್ಗುಲಿನದು. ಆದರೆ ಆ ಊರಿನ ಗಾಳಿ ನಾಟಕಕಾರನೊಬ್ಬನ ಮೇಲೆ ಮಾಡಿದ ಪರಿಣಾಮವನ್ನು ನೋಡಿದರೆ, ಬಹಮನಿಗಳ ಮೊದಲ ರಾಜಧಾನಿಯಲ್ಲಿರುವ ನಮಗೂ ಆ ವಿಷಯ ಅನ್ಯವಲ್ಲವೆಂದು ತೋರುವುದು.

ಬಳ್ಳಾರಿಯೇ ಏಕೆ? 1800ರಲ್ಲಿ ನಿಜಾಮನು ಇಂಗ್ಲಿಷ್ ಕಂಪನಿಗೆ ಬಿಟ್ಟುಕೊಟ್ಟ ಸೀಮೆಯಲ್ಲಿ ಅದು ಮುಖ್ಯ ಪಟ್ಟಣವಾಗಿ ಬೆಳೆಯಿತು. ದಂಡು ಬಂದಿತು, ಜಿಲ್ಲಾ ಕಚೇರಿ ಬಂದಿತು, ನ್ಯಾಯಾಲಯ ಬಂದಿತು, ಮುಂದೆ ರೈಲೂ ಬಂದಿತು. ಊರ ಜನ ಕನ್ನಡವನ್ನೂ ತೆಲುಗನ್ನೂ ಬೇರೆಬೇರೆ ಎಂದೆಣಿಸದೆ ಆಡುತ್ತಿದ್ದರು. ದಂಡಿನಲ್ಲಿ ಉರ್ದು, ಕಚೇರಿಯಲ್ಲಿ ಇಂಗ್ಲಿಷು. ಇಂತಹ ಊರಿನಲ್ಲಿ ವಕೀಲನಾದವನು ನಾಲ್ಕು ಭಾಷೆಗಳಲ್ಲಿ ಸಾಕ್ಷಿಗಳನ್ನು ಮಾತಾಡಿಸಬಲ್ಲವನಾಗಬೇಕಿತ್ತು. ಸಾಕ್ಷಿಯ ಮುಖಚರ್ಯೆಯನ್ನು ಓದಬೇಕಿತ್ತು, ಧ್ವನಿಯನ್ನು ಏರಿಸಿ ಇಳಿಸಬೇಕಿತ್ತು, ನ್ಯಾಯಾಧೀಶನನ್ನು ಒಲಿಸಬೇಕಿತ್ತು. ಇದೆಲ್ಲ ನಟನ ವಿದ್ಯೆಗೆ ಎಷ್ಟು ದೂರ? ಮೇಲಾಗಿ ವಕೀಲರಿಗೆ ಸ್ವತಂತ್ರ ಆದಾಯವಿದ್ದಿತು, ಬೇಸಗೆಯ ರಜೆ ಇದ್ದಿತು, ಊರಿನ ಸಾಹುಕಾರರ ಪರಿಚಯವಿದ್ದಿತು. ಸರಕಾರಿ ನೌಕರನಂತೆ ಮೇಲಧಿಕಾರಿಯ ಅಪ್ಪಣೆಗೆ ಕಾಯಬೇಕಾದ ಹಂಗು ಅವರಿಗೆ ಇರಲಿಲ್ಲ.

ಧರ್ಮವರಂ ರಾಮಕೃಷ್ಣಾಚಾರ್ಯರು (1853–1912) ಇವರಲ್ಲಿ ಮೊದಲಿಗರು. ಹುಟ್ಟಿದ್ದು ಅನಂತಪುರ ಸೀಮೆಯ ಧರ್ಮವರದಲ್ಲಿ, ವಕೀಲಿ ನಡೆಸಿದ್ದು ಬಳ್ಳಾರಿಯಲ್ಲಿ. ಅವರು ಕಟ್ಟಿದ ಸಂಸ್ಥೆ ಸರಸವಿನೋದಿನೀ ಸಭೆ. ‘ಚಿತ್ರನಳೀಯ’ ಅವರಿಗೆ ಹೆಸರು ತಂದ ನಾಟಕ. ‘ವಿಷಾದ ಸಾರಂಗಧರ’ ತೆಲುಗಿನ ಮೊದಲ ದುಃಖಾಂತ ನಾಟಕವೆಂದು ಗಣಿತವಾಗಿದೆ. ತೆಲುಗರು ಅವರನ್ನು ‘ಆಂಧ್ರ ನಾಟಕ ಪಿತಾಮಹ’ ಎಂದು ಕರೆದರು. ಅವರು ಪಾತ್ರಗಳ ಬಾಯಿಯಲ್ಲಿ ಹಾಡುಗಳನ್ನಿಟ್ಟು, ಆಡುವುದೂ ಹಾಡುವುದೂ ಒಬ್ಬನ ಕೆಲಸವೇ ಆಗುವಂತೆ ರಂಗಪದ್ಧತಿಯನ್ನು ರೂಪಿಸಿದರೆಂಬುದು ನಮ್ಮ ವಿಷಯಕ್ಕೆ ಮುಖ್ಯವಾದದ್ದು. ಸಂಗೀತ ಹೀಗೆ ನಾಟಕದ ಒಳಗೆ ಬಂದಮೇಲೆ ಸಭೆಯ ಯಜಮಾನನ ಹೊಣೆ ಇಮ್ಮಡಿಯಾಯಿತು. ನಟನಿಗೆ ಕಂಠ ಬೇಕು, ಹಾರ್ಮೋನಿಯಂ ತಬಲಾದವರು ಬೇಕು, ಅವರಿಗೆ ತಾಲೀಮು ಬೇಕು, ಒಬ್ಬನ ಗಂಟಲು ಕೆಟ್ಟರೆ ಇನ್ನೊಬ್ಬ ಸಿದ್ಧನಿರಬೇಕು. ನಾಟಕ ಬರೆಯುವವರೂ ಅವರೇ, ಆಡಿಸುವವರೂ ಅವರೇ, ಪ್ರಯಾಣ ಬೆಳೆಸಿದಾಗ ಮುಂದಾಳೂ ಅವರೇ.

ಪ್ರಯಾಣವೆಂದರೆ ಸಾಮಾನ್ಯ ಪ್ರಯಾಣವಲ್ಲ. 1891ರಲ್ಲಿ ಈ ಸಭೆ ಮದರಾಸಿಗೆ ಹೋಗಿ, ಆಗಷ್ಟೇ ಕಟ್ಟಿ ಮುಗಿದಿದ್ದ ವಿಕ್ಟೋರಿಯಾ ಪಬ್ಲಿಕ್ ಹಾಲಿನಲ್ಲಿ ನಾಟಕಗಳನ್ನಾಡಿತು. ನೋಡಲು ಬಂದವರಲ್ಲಿ ಇನ್ನೂ ಇಪ್ಪತ್ತು ತುಂಬದ ವಿದ್ಯಾರ್ಥಿಯೊಬ್ಬನಿದ್ದ. ಅದುವರೆಗೆ ನಾಟಕವೆಂದರೆ ಕೂಲಿಗೆ ಕುಣಿಯುವವರ ಆಟವೆಂದು ಆತ ಹೇಯವಾಗಿ ಕಂಡಿದ್ದ. ಇಲ್ಲಿ ನೋಡಿದರೆ ಓದಿದವರು, ವಕೀಲರು, ಮರ್ಯಾದಸ್ಥರು ಬಣ್ಣ ಹಚ್ಚಿಕೊಂಡು ನಿಂತಿದ್ದಾರೆ! ಆತನ ಹೆಸರು ಪಮ್ಮಲ್ ಸಂಬಂಧ ಮುದಲಿಯಾರ್. ಆ ಬೆರಗಿನಲ್ಲಿಯೇ ಗೆಳೆಯರನ್ನು ಕೂಡಿಸಿ 1891ರ ಜುಲೈ 1ರಂದು ಆತ ಸುಗುಣವಿಲಾಸ ಸಭೆಯನ್ನು ಸ್ಥಾಪಿಸಿದ. ತಾನೂ ವಕೀಲನಾಗಿ, ಮುಂದೆ ಮದರಾಸಿನ ಸಣ್ಣ ವ್ಯಾಜ್ಯಗಳ ನ್ಯಾಯಾಲಯದಲ್ಲಿ ನ್ಯಾಯಾಧೀಶನಾಗಿ, ತಮಿಳು ರಂಗಭೂಮಿಯ ಹಿರಿಯನೆನಿಸಿ, 1959ರಲ್ಲಿ ಪದ್ಮಭೂಷಣ ಪಡೆದು, 1964ರಲ್ಲಿ ತೀರಿಕೊಂಡ. ಬಳ್ಳಾರಿಯ ಪ್ರದರ್ಶನಗಳೇ ತನಗೆ ಪ್ರೇರಣೆಯೆಂದು ತನ್ನ ರಂಗಸ್ಮರಣೆಗಳಲ್ಲಿ ಆತ ಮುಚ್ಚುಮರೆಯಿಲ್ಲದೆ ಬರೆದಿದ್ದಾನೆ. ಕನ್ನಡನಾಡಿನ ವಕೀಲನೊಬ್ಬನ ತೆಲುಗು ನಾಟಕ ತಮಿಳು ರಂಗಭೂಮಿಯ ಹೊಸ ಯುಗಕ್ಕೆ ಕಾರಣವಾಯಿತು. ಇದಕ್ಕೆ ಹನ್ನೊಂದು ವರ್ಷ ಮುಂಚೆ, 1880ರಲ್ಲಿ, ಧಾರವಾಡದ ತಂಡವೊಂದು ರಾಜಮಹೇಂದ್ರಿಗೆ ಹೋಗಿ ಆಡಿದ ಆಟಗಳು ಕಂದುಕೂರಿ ವೀರೇಶಲಿಂಗಂ ಪಂತುಲು ಅವರನ್ನು ನಾಟಕದತ್ತ ತಿರುಗಿಸಿದ್ದುವೆಂಬುದನ್ನೂ ಜೊತೆಗಿಟ್ಟು ನೋಡಿದರೆ, ರಂಗಭೂಮಿಯ ಚರಿತ್ರೆಯನ್ನು ಭಾಷೆಗೊಂದರಂತೆ ಬೇಲಿ ಹಾಕಿ ಬರೆಯುವುದು ಎಷ್ಟು ತೊಡಕಿನದೆಂದು ತಿಳಿಯುವುದು.

ಹಂಪೆಯ ಕಮಲಾಪುರದವರು ಕೋಲಾಚಲಂ ಶ್ರೀನಿವಾಸರಾಯರು (1854–1919). ಅವರೂ ಬಳ್ಳಾರಿಯ ವಕೀಲರೇ. ಅವರ ಸಂಸ್ಥೆ ಸುಮನೋರಮಾ ಸಭೆ. ಒಂದೇ ನ್ಯಾಯಾಲಯದ ಅಂಗಳದಲ್ಲಿ ಇದಿರುಬದಿರು ನಿಂತು ವಾದಿಸಬಹುದಾದ ಇಬ್ಬರು, ಸಂಜೆಯಾದರೆ ಎರಡು ರಂಗಗಳಲ್ಲಿ ಪೈಪೋಟಿಗೆ ನಿಲ್ಲುತ್ತಿದ್ದರೆಂಬುದು ಬಳ್ಳಾರಿಯ ಭಾಗ್ಯ. ಇಬ್ಬರ ದೃಷ್ಟಿಯೂ ಬೇರೆ. ಆಚಾರ್ಯರು ಹೆಚ್ಚಾಗಿ ಪುರಾಣದ ಕಡೆಗೆ ಒಲಿದರೆ ರಾಯರು ಇತಿಹಾಸವನ್ನು ಹಿಡಿದರು. ‘ಪ್ರತಾಪಾಕ್ಬರೀಯ’, ‘ಚಾಂದಬೀಬಿ’, ಎಲ್ಲಕ್ಕೂ ಮಿಗಿಲಾಗಿ ವಿಜಯನಗರದ ಪತನವನ್ನು ಕುರಿತ ‘ರಾಮರಾಜು ಚರಿತ್ರ’ ಅವರ ಕೃತಿಗಳು. 1908ರಲ್ಲಿ ಪ್ರಪಂಚದ ನಾಟಕಗಳ ಇತಿಹಾಸವನ್ನೇ ಕುರಿತು ಇಂಗ್ಲಿಷಿನಲ್ಲಿ ಒಂದು ಗ್ರಂಥವನ್ನು ಪ್ರಕಟಿಸಿದ ಈ ವಕೀಲರು ಕೇವಲ ಹವ್ಯಾಸಿಗಳೆಂದು ಯಾರು ಹೇಳಿಯಾರು? ಬಾಲ್ಯದಲ್ಲಿ ಹಾಳುಹಂಪೆಯ ಗೋಡೆಗಳನ್ನು ಕಂಡವನಿಗೆ 1565ರ ಯುದ್ಧ ಪಠ್ಯಪುಸ್ತಕದ ಸಂಗತಿಯಾಗಿ ಉಳಿಯಲಾರದು. ಅದೇ ಬಳ್ಳಾರಿ ಜಿಲ್ಲೆಯಲ್ಲಿ ಅಧಿಕಾರಿಯಾಗಿದ್ದ ರಾಬರ್ಟ್ ಸಿವೆಲ್ ವಿಜಯನಗರದ ಇತಿಹಾಸವನ್ನು ಪ್ರಕಟಿಸಿದ್ದು 1900ರಲ್ಲಿ. ಒಂದೇ ಪಾಳುನಗರ ಒಬ್ಬ ಕಲೆಕ್ಟರನಿಂದ ಇತಿಹಾಸವನ್ನೂ ಒಬ್ಬ ವಕೀಲನಿಂದ ನಾಟಕವನ್ನೂ ಬರೆಸಿತೆಂಬುದು ಇತಿಹಾಸದ ಅಧ್ಯಾಪಕರು ಗಮನಿಸತಕ್ಕ ಅಂಶ.

ಕಾನೂನಿನ ಜ್ಞಾನ ಇವರಿಗೆ ರಂಗದಲ್ಲಿ ಯಾವ ಉಪಯೋಗಕ್ಕೆ ಬಂದಿರಬೇಕೆಂಬುದನ್ನು ತಿಳಿಯಲು ಆ ಕಾಲದ ಕಾಯಿದೆಗಳನ್ನು ನೋಡಬೇಕು. 1876ರ ನಾಟಕ ಪ್ರದರ್ಶನಗಳ ಕಾಯಿದೆಯ ಮೇರೆಗೆ, ಮಾನಹಾನಿಕರವೆಂದೋ, ರಾಜದ್ರೋಹಕ್ಕೆ ಪ್ರಚೋದಕವೆಂದೋ, ನೀತಿಗೆಡಿಸುವಂಥದೆಂದೋ ತೋರಿದ ಯಾವುದೇ ಆಟವನ್ನು ಸರಕಾರ ನಿಲ್ಲಿಸಬಹುದಿತ್ತು. ಮೀರಿದವರಿಗೆ ಮೂರು ತಿಂಗಳವರೆಗೆ ಸೆರೆವಾಸವಿತ್ತು. ಈ ಕಾಯಿದೆಯ ಹುಟ್ಟೇ ಒಬ್ಬ ವಕೀಲನಿಂದಾದದ್ದು. ಕಲಕತ್ತೆಯ ಜಗದಾನಂದ ಮುಖರ್ಜಿ ಎಂಬ ನ್ಯಾಯವಾದಿ ವೇಲ್ಸಿನ ಯುವರಾಜನನ್ನು ತನ್ನ ಅಂತಃಪುರಕ್ಕೆ ಬರಮಾಡಿಕೊಂಡದ್ದನ್ನು ಗೇಲಿಮಾಡಿ ಬಂಗಾಳಿ ನಟರು ಆಡಿದ ಪ್ರಹಸನವೇ ಅದಕ್ಕೆ ನೆಪವಾಯಿತು. ಈ ಕಾಯಿದೆ ಸ್ವಾತಂತ್ರ್ಯ ಬಂದು ಏಳು ದಶಕಗಳಾದಮೇಲೆ 2018ರಲ್ಲಿ ರದ್ದಾಯಿತೆಂದರೆ ಇಂದಿನ ಓದುಗರಿಗೆ ಆಶ್ಚರ್ಯವಾದೀತು. ರಾಮರಾಯನ ಪತನದಂತಹ ವಸ್ತುವನ್ನು, ಹಿಂದೂ ಮುಸಲ್ಮಾನರಿಬ್ಬರೂ ಕಿಕ್ಕಿರಿದ ದಂಡಿನ ಊರಿನಲ್ಲಿ, ಇಂತಹ ಕಾಯಿದೆಯ ಕತ್ತಿ ತಲೆಯ ಮೇಲೆ ತೂಗುತ್ತಿರುವಾಗ ಆಡಿಸುವುದು ಎದೆಗಾರಿಕೆಯ ಕೆಲಸ. ಯಾವ ಮಾತು ಕಾಯಿದೆಯ ಗೆರೆಯ ಈಚೆ, ಯಾವುದು ಆಚೆ ಎಂದು ಬಲ್ಲವನೇ ಅದನ್ನು ಬರೆಯಬೇಕಿತ್ತು.

ಕೃತಿಸ್ವಾಮ್ಯದ ಸಂಗತಿ ಇನ್ನೊಂದು. 1847ರ ಕಾಯಿದೆ ಮುದ್ರಿತ ಪುಸ್ತಕವನ್ನು ಕುರಿತದ್ದು. ಅಂದು ನಾಟಕ ಒಮ್ಮೆ ರಂಗಕ್ಕೆ ಬಂದರೆ ಊರೂರಿನ ಕಂಪನಿಗಳು ಅದನ್ನು ತಮ್ಮದಾಗಿ ಮಾಡಿಕೊಳ್ಳುತ್ತಿದ್ದವು. ಒಂದೂರಿನ ಮಟ್ಟು ಮತ್ತೊಂದೂರಿನ ಹಾಡಾಗುತ್ತಿತ್ತು; ಅದನ್ನು ಕಳವೆಂದು ಯಾರೂ ಎಣಿಸುತ್ತಿರಲಿಲ್ಲ. ಪ್ರದರ್ಶನದ ಹಕ್ಕನ್ನು ಸ್ಪಷ್ಟವಾಗಿ ಕರ್ತೃವಿಗೆ ಕೊಟ್ಟದ್ದು 1914ರ ಕಾಯಿದೆ. ಅದರಲ್ಲಿಯೂ ನಮ್ಮ ದೇಶಕ್ಕೆಂದೇ ಒಂದು ವಿನಾಯಿತಿಯಿತ್ತು: ಇಲ್ಲಿ ಮೊದಲು ಪ್ರಕಟವಾದ ಕೃತಿಯ ಭಾಷಾಂತರದ ಹಕ್ಕು ಕರ್ತೃವಿಗೆ ಉಳಿಯುವುದು ಹತ್ತೇ ವರ್ಷ, ಅಷ್ಟರೊಳಗೆ ಆತ ಭಾಷಾಂತರವನ್ನು ತಾನೇ ಪ್ರಕಟಿಸದಿದ್ದರೆ ಅನಂತರ ಯಾರು ಬೇಕಾದರೂ ಮಾಡಬಹುದು. ಬಳ್ಳಾರಿಯಂತಹ ಇಭ್ಭಾಷೆಯ ಊರಿನ ಸಭೆಗಳಿಗೆ ಈ ನಿಯಮ ವರವೂ ಹೌದು, ಶಾಪವೂ ಹೌದು. ಇಂದಿನ ಕಾಯಿದೆ 1957ರದು. ಹಾಡು ಬರೆದವನಿಗೂ ಮಟ್ಟು ಹಾಕಿದವನಿಗೂ ಚಲನಚಿತ್ರದ ನಿರ್ಮಾಪಕನ ಪಕ್ಕದಲ್ಲಿ ರಾಯಧನದ ಪಾಲು ದೊರಕಿಸಿದ ತಿದ್ದುಪಡಿ ಬಂದದ್ದು 2012ರಲ್ಲಿ. ಮೇಲೆ ಹೇಳಿದ ಹೊಸ ಮಾದರಿಯ ನ್ಯಾಯವಾದಿಗೆ ಕೈತುಂಬ ಕೆಲಸ ಒದಗಿದ್ದು ಇಂತಹ ಕಾನೂನುಗಳಿಂದಲೇ. ಬಳ್ಳಾರಿಯವರ ಕಾಲಕ್ಕೆ ಈ ಸಂಪಾದನೆ ಇರಲಿಲ್ಲ. ಅವರ ಹಣ ನ್ಯಾಯಾಲಯದಿಂದ ಬಂದು ರಂಗಕ್ಕೆ ಹೋಗುತ್ತಿತ್ತು. ಇಂದು ರಂಗದಿಂದ ಬಂದು ವಕೀಲನ ಕಿಸೆಗೆ ಹೋಗುತ್ತಿದೆ. ಹೀಗೆನ್ನುವಾಗ ವಕೀಲಮಿತ್ರರು ನಮ್ಮನ್ನು ಮನ್ನಿಸಬೇಕು.

ಮೂರನೆಯವರಾದ ತಾಡಿಪತ್ರಿ ರಾಘವಾಚಾರ್ಯರು (1880–1946) ಜನರ ಬಾಯಲ್ಲಿ ಬಳ್ಳಾರಿ ರಾಘವರಾದರು. ರಾಮಕೃಷ್ಣಾಚಾರ್ಯರ ಸೋದರಳಿಯ. ಮದರಾಸಿನ ಕ್ರಿಶ್ಚಿಯನ್ ಕಾಲೇಜಿನಲ್ಲಿ ಓದಿ, ಅಲ್ಲಿಯೇ ಕಾನೂನನ್ನು ಮುಗಿಸಿ, ಬಳ್ಳಾರಿಗೆ ಬಂದು ವಕೀಲಿಗೆ ನಿಂತು, ಸರಕಾರಿ ಅಭಿಯೋಜಕರ ಸ್ಥಾನದವರೆಗೆ ಏರಿದರು. ಮಾವನ ಸಭೆಯಲ್ಲಿ ಚಿಕ್ಕಂದಿನಲ್ಲಿ ಬಣ್ಣ ಹಚ್ಚಿದ ಈ ಯುವಕ ಖ್ಯಾತಿ ಗಳಿಸಿದ್ದು ಮಾವನ ಪ್ರತಿಸ್ಪರ್ಧಿಯ ನಾಟಕದಲ್ಲಿ: ಕೋಲಾಚಲಂ ಅವರ ರಾಮರಾಯನ ಕಥೆಯಲ್ಲಿ ಪಠಾಣ ರುಸ್ತುಂ ಆಗಿ. ಮನೆತನಕ್ಕಿಂತ ಪಾತ್ರ ದೊಡ್ಡದೆಂಬ ತೀರ್ಮಾನ ಇದರಲ್ಲಿ ಅಡಗಿದೆಯೆಂದು ನಾವು ಭಾವಿಸುತ್ತೇವೆ. ಹಿಂದೂ ಮನೆತನದ ವೈಷ್ಣವ ವಕೀಲ ಪಠಾಣನ ಪಾತ್ರದಿಂದ ಊರೂರಿನಲ್ಲಿ ಹೆಸರಾದದ್ದು ಆ ಕಾಲದ ಬಳ್ಳಾರಿಯ ಸ್ವಭಾವಕ್ಕೂ ಸಾಕ್ಷಿ.

ರಾಘವರು ಮಾವನ ಸಂಗೀತಪ್ರಾಧಾನ್ಯವನ್ನು ಮುಂದುವರಿಸಲಿಲ್ಲ. ಅದಕ್ಕೆ ತಡೆ ಹಾಕಿದರು. ಸತ್ತವನು ಎದ್ದು ಮತ್ತೊಮ್ಮೆ ಹಾಡುವಂತೆ ಪ್ರೇಕ್ಷಕರು ಕೂಗಿ ಹಾಡಿಸುತ್ತಿದ್ದ ದಿನಗಳವು. ಅವರು ಪದ್ಯಗಳನ್ನು ಕಡಮೆಮಾಡಿ, ಮಾತಿಗೂ ಮೌನಕ್ಕೂ ಮುಖಭಾವಕ್ಕೂ ಹೆಚ್ಚಿನ ಬೆಲೆ ಕೊಟ್ಟರು. ಸಾಕ್ಷಿಯನ್ನು ಪ್ರಶ್ನಿಸುವಾಗ ಮುಂದಿನ ಪ್ರಶ್ನೆಗೆ ಮೊದಲು ಒಂದು ಕ್ಷಣ ಸುಮ್ಮನಿರುವುದರ ಬೆಲೆ ಅನುಭವಿ ವಕೀಲನಿಗೆ ಗೊತ್ತು. ಸ್ತ್ರೀಪಾತ್ರಗಳನ್ನು ಸ್ತ್ರೀಯರೇ ವಹಿಸಬೇಕೆಂಬುದು ಅವರ ಇನ್ನೊಂದು ಹಟ. ಮರ್ಯಾದಸ್ಥ ಮನೆತನದ ಹೆಣ್ಣುಮಕ್ಕಳು ರಂಗವೇರುವುದನ್ನು ಊಹಿಸಲೂ ಜನ ಒಪ್ಪದ ಕಾಲದಲ್ಲಿ ಕೊಮ್ಮೂರಿ ಪದ್ಮಾವತೀದೇವಿಯಂಥವರನ್ನು ಅವರು ರಂಗಕ್ಕೆ ಕರೆತಂದರು. ಇದಕ್ಕೆ ಬಂದ ಆಕ್ಷೇಪಗಳ ಇದಿರು ಅವರ ವೃತ್ತಿಗೌರವವೇ ಆ ಸ್ತ್ರೀಯರಿಗೆ ರಕ್ಷೆಯಾಯಿತೆಂಬುದನ್ನು ಮರೆಯಲಾಗದು. ಕೇವಲ ನಟನಾಗಿದ್ದರೆ ಅವರ ಮಾತನ್ನು ಯಾರು ಕೇಳುತ್ತಿದ್ದರು? ಸಾರ್ವಜನಿಕ ಕಾರ್ಯಗಳ ಸಹಾಯಾರ್ಥವಾಗಿ ಆಡಿದ ಆಟಗಳು ಅನೇಕ. ತೆಲುಗು, ಕನ್ನಡ, ಇಂಗ್ಲಿಷ್, ಹಿಂದಿ ಎಲ್ಲದರಲ್ಲಿಯೂ ಅವರು ಅಭಿನಯಿಸಿದರು. 1927ರಲ್ಲಿ ಗಾಂಧೀಜಿಯವರು ನೋಡಿದ ‘ದೀನಬಂಧು ಕಬೀರ್’ ಹಿಂದಿಯದು. 1928ರಲ್ಲಿ ಇಂಗ್ಲೆಂಡಿಗೆ ಹೋಗಿ ಬರ್ನಾರ್ಡ್ ಷಾ ಅವರನ್ನು ಕಂಡು ಬಂದರು.

ಕೊನೆಯ ದಶಕದಲ್ಲಿ ಚಲನಚಿತ್ರ ಅವರನ್ನು ಸೆಳೆಯಿತು: 1936ರಲ್ಲಿ ‘ದ್ರೌಪದೀ ಮಾನಸಂರಕ್ಷಣಂ’, 1939ರಲ್ಲಿ ಗೂಡವಲ್ಲಿ ರಾಮಬ್ರಹ್ಮಂ ಅವರ ‘ರೈತುಬಿಡ್ಡ’, 1940ರಲ್ಲಿ ‘ಚಂಡಿಕಾ’. ಇವುಗಳಲ್ಲಿ ನಡುವಿನದು ಜಮೀನುದಾರರ ದಬ್ಬಾಳಿಕೆಯನ್ನು ಚಿತ್ರಿಸಿ ಅವರ ಕೋಪಕ್ಕೆ ಗುರಿಯಾಯಿತು. ಆದರೆ ಚಿತ್ರಗಳು ಅವರಿಗೆ ಹೊಂದಲಿಲ್ಲವೆಂದೇ ನಮ್ಮ ಅಭಿಪ್ರಾಯ. ಇದಿರು ಕುಳಿತವರ ಉಸಿರಿಗೆ ತಕ್ಕಂತೆ ಮಾತನ್ನು ಹಿಗ್ಗಿಸಿ ಕುಗ್ಗಿಸುವ ನಟನಿಗೆ ಯಂತ್ರದ ಕಣ್ಣು ಏನು ಉತ್ತರ ಕೊಟ್ಟೀತು?

ಇಂತಹ ಸಭೆಗಳು ಕಲಬುರಗಿಯಲ್ಲಿ ಏಕೆ ಹುಟ್ಟಲಿಲ್ಲವೆಂದು ವಿದ್ಯಾರ್ಥಿಗಳು ಕೇಳುವುದುಂಟು. ಇಲ್ಲಿಯೂ ವಕೀಲರಿದ್ದರು, ರಸಿಕರಿದ್ದರು. ಶರಣಬಸವೇಶ್ವರರ ಜಾತ್ರೆಯಂತಹ ದೊಡ್ಡ ಜನಸಂದಣಿಯೂ ಇದ್ದಿತು. ಆದರೆ ನಿಜಾಮನ ಆಳಿಕೆಯಲ್ಲಿ ನ್ಯಾಯಾಲಯದ ಭಾಷೆ ಉರ್ದು. ವಕೀಲನ ವಾಕ್‌ಶಕ್ತಿ ಪಳಗಿದ್ದು ಒಂದು ಭಾಷೆಯಲ್ಲಿ, ಅವನ ಊರಿನ ಪ್ರೇಕ್ಷಕರು ನಕ್ಕು ಅಳುತ್ತಿದ್ದದ್ದು ಇನ್ನೊಂದರಲ್ಲಿ. ಬಳ್ಳಾರಿಯವರಿಗೆ ಈ ಕಂದಕ ಇರಲಿಲ್ಲವೆಂದಲ್ಲ, ಅಷ್ಟು ಆಳವಾಗಿರಲಿಲ್ಲ. ಮೇಲಾಗಿ ಸಾರ್ವಜನಿಕ ಸಭೆಗಳಿಗೆ ಮುಂಗಡ ಅನುಮತಿಯನ್ನು ಬಿಗಿಗೊಳಿಸಿದ ಗಷ್ತಿ ನಿಶಾನ್ 53ರಂತಹ ಆಜ್ಞೆಗಳಿದ್ದ ರಾಜ್ಯದಲ್ಲಿ ನಾಲ್ಕು ಜನ ಕೂಡಿ ಸಂಸ್ಥೆ ಕಟ್ಟುವುದೇ ಸಂದೇಹಕ್ಕೆ ಆಸ್ಪದ. ಇಲ್ಲಿಯ ವಿದ್ಯಾವಂತರ ಶಕ್ತಿ 1907ರಲ್ಲಿ ಸ್ಥಾಪಿತವಾದ ನೂತನ ವಿದ್ಯಾಲಯದಂತಹ ಶಾಲೆಗಳನ್ನು ಕಟ್ಟುವುದರಲ್ಲಿ ವ್ಯಯವಾಯಿತು. ಅದು ಸರಿಯಾದ ಆಯ್ಕೆಯೇ. ಆದರೆ ಅದರ ಬೆಲೆ ರಂಗಭೂಮಿ ತೆತ್ತಿತು. ನಾಟಕ ಇಲ್ಲಿ ಹೊರಗಿನಿಂದ ಬರುವ ಕಂಪನಿಗಳ ಪಾಲಾಗಿಯೇ ಉಳಿಯಿತು.

1953ರ ಅಕ್ಟೋಬರ್ 1ರಂದು ಬಳ್ಳಾರಿ ಮೈಸೂರು ರಾಜ್ಯಕ್ಕೆ ಸೇರಿತು. ಆದವಾನಿ, ಆಲೂರು, ರಾಯದುರ್ಗಗಳು ಆಂಧ್ರಕ್ಕೆ ಹೋದವು. ಆ ವಿವಾದದ ಕಾವಿನಲ್ಲಿ ಪ್ರತಿಯೊಂದು ಹೆಸರಿಗೂ ಒಂದು ಭಾಷೆಯ ಚೀಟಿ ಅಂಟಿಸಲಾಯಿತು. ಈ ಮೂವರು ತೆಲುಗು ಸಾಹಿತ್ಯಚರಿತ್ರೆಯ ಪಾಲಿಗೆ ಹೋದರು. ಕನ್ನಡ ರಂಗಭೂಮಿಯ ಇತಿಹಾಸಗಳಲ್ಲಿ ಗುಬ್ಬಿ ಕಂಪನಿಗೂ ಗರುಡರಿಗೂ ಸಲ್ಲುವ ಪುಟಗಳ ನಡುವೆ ಅವರಿಗೆ ಒಂದೆರಡು ವಾಕ್ಯ ಸಿಕ್ಕರೆ ಹೆಚ್ಚು. ಕೃತಿ ಯಾವ ಭಾಷೆಯದೋ ಆ ಭಾಷೆಗೆ ಕರ್ತೃ ಸಲ್ಲುವುದು ನ್ಯಾಯವೇ. ಆದರೆ ನಾಟಕ ಸಭೆಯೆಂಬುದು ಕೇವಲ ಕೃತಿಯಲ್ಲ. ಅದಕ್ಕೆ ಊರಿದೆ, ಚಂದಾ ಕೊಟ್ಟವರಿದ್ದಾರೆ, ದೀಪ ಹಿಡಿದವರಿದ್ದಾರೆ, ನೆಲದ ಮೇಲೆ ಕುಳಿತು ನೋಡಿದ ಕನ್ನಡಿಗರಿದ್ದಾರೆ. ಸಂಸ್ಥೆಯ ಇತಿಹಾಸವನ್ನು ಬರೆಯುವಾಗ ಬಳ್ಳಾರಿಯ ಈ ಸಭೆಗಳನ್ನು ಕನ್ನಡನಾಡಿನ ಸಂಸ್ಥೆಗಳೆಂದೇ ಎಣಿಸಬೇಕೆಂಬುದು ನಮ್ಮ ನಿಲುವು. ಅದರ ಸಾಮಗ್ರಿಯನ್ನು ಸಾಹಿತ್ಯದ ಕಪಾಟಿನಲ್ಲಿ ಮಾತ್ರ ಹುಡುಕಿದರೆ ಸಾಲದು. ಕರಪತ್ರ, ಚಂದಾ ಪುಸ್ತಕ, ಥಿಯೇಟರಿನ ಬಾಡಿಗೆಯ ರಸೀದಿ ಇವು ಸೇರುವುದು ಹಳೆಯ ವಕೀಲರ ಮನೆಗಳ ಅಟ್ಟಕ್ಕೆ, ದಾವೆಗಳ ಕಟ್ಟುಗಳ ನಡುವೆ. ಕಾಲೇಜಿನ ವಿದ್ಯಾರ್ಥಿಗಳು ರಜೆಯಲ್ಲಿ ಇಂತಹ ಅಟ್ಟಗಳನ್ನು ಹತ್ತಿ ನೋಡಿದರೆ, ಒಂದು ಪಠ್ಯವನ್ನು ಹತ್ತನೆಯ ಸಲ ವಿಮರ್ಶಿಸುವುದಕ್ಕಿಂತ ಹೆಚ್ಚಿನ ಕೆಲಸವಾದೀತು.

ಇನ್ನೊಂದು ಎಳೆಯನ್ನು ಹೇಳಿ ಮುಗಿಸುತ್ತೇವೆ. ರಾಘವರು ರಂಗಕ್ಕೆ ತಂದ ಹೊಸ ಬಗೆಯ ಸಾಮಾಜಿಕ ನಾಟಕಗಳಲ್ಲಿ, ತಪ್ಪು ಯಾರದೆಂದು ಕೇಳುವ ‘ತಪ್ಪೆವರಿದಿ’ ಒಂದು. ಅದನ್ನು ಬರೆದವರು ಮದರಾಸಿನ ತರುಣ ವಕೀಲರೊಬ್ಬರು, ಪಿ. ವಿ. ರಾಜಮನ್ನಾರ್. ರಾಘವರು 1946ರ ಏಪ್ರಿಲ್ 16ರಂದು ತೀರಿಕೊಂಡರು. ಎರಡು ವರ್ಷಗಳಲ್ಲಿ ರಾಜಮನ್ನಾರ್ ಮದರಾಸು ಉಚ್ಚ ನ್ಯಾಯಾಲಯದ ಮುಖ್ಯ ನ್ಯಾಯಾಧೀಶರಾದರು. 1953ರಲ್ಲಿ, ಬಳ್ಳಾರಿ ಮೈಸೂರಿಗೆ ಸೇರಿದ ವರ್ಷವೇ, ದೆಹಲಿಯಲ್ಲಿ ಸಂಗೀತ ನಾಟಕ ಅಕಾಡೆಮಿ ಉದ್ಘಾಟನೆಯಾದಾಗ ಅದರ ಮೊದಲ ಅಧ್ಯಕ್ಷ ಪೀಠದಲ್ಲಿ ಕುಳಿತವರು ಅವರೇ.